ಪುಕ್ಕಟೆ ಕುರ್ಚಿ

ಕುರ್ಚಿಯಮ್ಮ ಹಿಟ್ಟಿನ ಡಬ್ಬವನ್ನು ಅಡುಗೆಮನೆಯಿಂದ ದರದರ ಎಳೆದು ತಂದು, ಮುಚ್ಚಳವನ್ನು ಗಟ್ಟಿಯಾಗಿ ಒತ್ತಿ, ಅದರ ಮೇಲೆ ಪಕ್ಕದ ಮನೆಯ ಅಜ್ಜಿಯನ್ನು ಕೂರಿಸಿದಳು. ಅಜ್ಜಿಗೆ ಮಂಡಿನೋವು, ನೆಲದ ಮೇಲೆ ಕೂತರೆ ಏಳಿಸಲು ಇಬ್ಬರು ಬೇಕು. ಉಳಿದವರು ಗೋಡೆಗೆ ಒರಗಿ ನಿಂತಿದ್ದರು. ಇಬ್ಬರು ಮೆಟ್ಟಿಲ ಮೇಲಿದ್ದರು, ಒಬ್ಬಾತ ಬಕೆಟ್ಟನ್ನು ಬೋರಲು ಹಾಕಿಕೊಂಡು ಕೂತಿದ್ದ. ನಡುಮನೆಯ ಮಂಚದ ಮೇಲೆ ಕುತ್ತಿಗೆಯವರೆಗೆ ಬಿಳಿ ಬಟ್ಟೆ ಹೊದ್ದು ಅವಳ ಗಂಡ ಮಲಗಿದ್ದ. ಆಯುಷ್ಯವೆಲ್ಲ ಊರಿಗೆ ಕುರ್ಚಿ ಬಾಡಿಗೆ ಕೊಟ್ಟವನು ಸತ್ತ ಮಾರನೆಯ ಬೆಳಗ್ಗೆ, ನೋಡಲು ಬಂದವರಿಗೆ ಅವನ ಮನೆಯಲ್ಲಿ ಒಂದೇ ಒಂದು ಕುರ್ಚಿ ಇರಲಿಲ್ಲ.

"ಅಷ್ಟೊಂದು ಕುರ್ಚಿ ಇದ್ವಲ್ಲೇ, ಎಲ್ಲಿಗೆ ಹೋದ್ವು?" ಎಂದಳು ಅಜ್ಜಿ.

"ಸೇವೆಗೆ ಹೋಗಿವೆ," ಎಂದಳು ಕುರ್ಚಿಯಮ್ಮ. ಆ ಮಾತನ್ನು ಅವಳು ಉಗಿದ ಹಾಗೆ ಹೇಳಿದಳು.

ಊರಿನ ವ್ಯಾಪಾರಸ್ಥರು ಸೇವೆಗೆಂದು ಕಟ್ಟಿಕೊಂಡ ಭಾನುವಾರದ ಬಳಗದವರ ಉಚಿತ ಕಣ್ಣು ತಪಾಸಣೆ ಶಿಬಿರ ಇವತ್ತು ಶಾಲೆಯ ಮೈದಾನದಲ್ಲಿತ್ತು. ನಿನ್ನೆ ಮಧ್ಯಾಹ್ನ ಗಂಡನೇ ಗೋಡೌನು ಬರಿದು ಮಾಡಿ, ಇದ್ದಬದ್ದ ಕುರ್ಚಿಗಳನ್ನೆಲ್ಲ ಅಲ್ಲಿಗೆ ಹೊತ್ತುಹಾಕಿ ಬಂದಿದ್ದ. ಬಂದವನು ಮೆಟ್ಟಿಲ ಮೇಲೆ ಕೂತು ನೀರು ಕೇಳಿದ. ಅವಳು ಲೋಟ ತರುವಷ್ಟರಲ್ಲಿ ಬಾಗಿಲ ಕಂಬಕ್ಕೆ ತಲೆ ಆನಿಸಿದ್ದ. ಸಂಜೆ ಬಳಗದವರು ಓಡಿಬಂದರು, ಅತ್ತರು. ಶಿಬಿರ ನಿಲ್ಲಿಸಬೇಕೋ ಬೇಡವೋ ಎಂದು ಹೆಣದ ಕಾಲ ಬಳಿಯೇ ನಿಂತು ಗುಸುಗುಸು ಮಾತಾಡಿಕೊಂಡರು. ನಿಲ್ಲಿಸಿದರೆ ಅಣ್ಣನ ಆತ್ಮಕ್ಕೆ ಬೇಜಾರಾಗುತ್ತದೆ ಎಂದು ತೀರ್ಮಾನವಾಯಿತು. ಆ ಆತ್ಮದ ಹೆಂಡತಿಯನ್ನು ಯಾರೂ ಕೇಳಲಿಲ್ಲ.

ಕಿಟಕಿಯ ಮೇಲಿದ್ದ ಅವನ ಫೋನು ಹೊಡೆದುಕೊಂಡಿತು. ರಾತ್ರಿ ಬಸ್ಸಿಗೆ ಬಂದಿದ್ದ ಮಗಳು ಎತ್ತಿಕೊಂಡಳು. ಆ ಕಡೆಯ ದನಿ ಮನೆಯವರಿಗೆಲ್ಲ ಕೇಳುವಷ್ಟು ದೊಡ್ಡದಾಗಿತ್ತು. ಬಳಗದ ಕಾರ್ಯದರ್ಶಿ, ಕನ್ನಡಕದಂಗಡಿಯವನು.

"ಅಣ್ಣಾ, ಇಲ್ಲಿ ಜನ ಜಾಸ್ತಿ ಆಗ್ಬಿಟ್ಟಿದಾರೆ. ಇನ್ನೊಂದು ಮೂವತ್ತು ಕುರ್ಚಿ ಬೇಗ ಕಳಿಸಿಬಿಡಿ."

"ಅಪ್ಪ ಇಲ್ಲ," ಎಂದಳು ಮಗಳು.

"ಎಲ್ಲಿಗೆ ಹೋದ್ರು? ಎಷ್ಟೊತ್ತಿಗೆ ಬರ್ತಾರೆ?"

ಮಗಳು ಮಂಚದ ಕಡೆ ನೋಡಿದಳು. ಅಷ್ಟರಲ್ಲಿ ಆ ಕಡೆಯವನಿಗೇ ನೆನಪಾಯಿತು.

"ಅಯ್ಯಯ್ಯೋ! ಕ್ಷಮಿಸಮ್ಮ ತಾಯಿ, ಅಭ್ಯಾಸಬಲ, ಕೈ ತಾನಾಗೇ ಆ ನಂಬರಿಗೆ ಹೋಗ್ಬಿಡ್ತು. ಛೆ, ಎಂಥಾ ಮನುಷ್ಯ, ಎಂಥಾ ಮನುಷ್ಯ." ಆಮೇಲೆ ಅದೇ ದನಿ ಮೆತ್ತಗೆ ಕೇಳಿತು: "ಅಲ್ಲಾ... ಗೋಡೌನ್ ಕೀಲಿ ಈಗ ಯಾರ ಹತ್ರ ಇದೆ?"

ಕುರ್ಚಿಯಮ್ಮ ಫೋನನ್ನು ಮಗಳ ಕೈಯಿಂದ ಕಿತ್ತುಕೊಂಡಳು. "ಹೆಣದ ಹತ್ರ ಇದೆ. ಬಂದು ಕೇಳಿ ಇಸ್ಕೊಂಡು ಹೋಗಿ," ಎಂದು ಹೇಳಿ ಫೋನನ್ನು ಅಕ್ಕಿ ಡಬ್ಬದೊಳಗೆ ಹಾಕಿ ಮುಚ್ಚಿದಳು. ಅವಳಿಗೆ ನಿನ್ನೆಯಿಂದ ಅಳು ಬಂದಿರಲಿಲ್ಲ. ಬಂದದ್ದೆಲ್ಲ ಬರೀ ಸಿಟ್ಟು. ಅದರಲ್ಲಿ ಅರ್ಧ ಬಳಗದವರ ಮೇಲೆ. ಇನ್ನರ್ಧ ಮಂಚದ ಮೇಲೆ ಮಲಗಿದವನ ಮೇಲೆ.

*

ಅವನನ್ನು ದೇವರಂಥ ಮನುಷ್ಯ ಎಂದು ಊರು ಹೇಳುತ್ತಿತ್ತು. ದೇವರಂಥವನೇನೂ ಅಲ್ಲ ಎಂಬುದು ಅವಳೊಬ್ಬಳಿಗೆ ಗೊತ್ತಿತ್ತು. ಅವನು ಸೇವೆಗೆ ಹೋದದ್ದು ವ್ಯಾಪಾರಕ್ಕೆ.

ಮಗಳಿನ್ನೂ ಶಾಲೆಗೆ ಹೋಗುತ್ತಿದ್ದ ಕಾಲ. ಬಳಗದವರ ರಕ್ತದಾನ ಶಿಬಿರಕ್ಕೆ ಮೊದಲ ಸಲ ಕುರ್ಚಿ ಹಾಕಿ ಬಂದವನು ಚಪ್ಪಲಿ ಬಿಡುವುದನ್ನೂ ಮರೆತು ಅಡುಗೆಮನೆಗೆ ನುಗ್ಗಿದ್ದ.

"ಲೇ, ಇವತ್ತೊಂದು ಪವಾಡ ನೋಡಿದೆ ಕಣೆ. ಆ ಕನ್ನಡಕದಂಗಡಿಯವನೂ ಆ ಕಂಟ್ರಾಕ್ಟರೂ ಇದಾರಲ್ಲ, ಇಬ್ರಿಗೂ ಮುಖಪರಿಚಯಾನೂ ಇರ್ಲಿಲ್ಲ. ಒಂದು ಬೆಂಚು ಹಿಡ್ಕೊಂಡ್ರು, ಅವನೊಂದು ಕಡೆ, ಇವನೊಂದು ಕಡೆ. ಎತ್ತುವಾಗ ಗುರುತಿಲ್ಲದೋರು, ಇಳಿಸುವಾಗ ಪಾಲುದಾರರು! ಹೊಸ ಅಂಗಡಿ ಕಟ್ಟೋ ಮಾತು ಬೆಂಚಿನ ಮೇಲೇ ಮುಗೀತು."

"ಅದಕ್ಕೆ ನೀವ್ಯಾಕೆ ಕುಣೀತಿದೀರಿ?"

"ಕಾಫಿ ಕುಡಿದು ಗುರುತಾದೋನನ್ನ ಯಾರೂ ನಂಬಲ್ಲ ಕಣೆ. ಜೊತೇಲಿ ಬೆವರು ಸುರಿಸಿದೋನನ್ನ ನಂಬ್ತಾರೆ. ಅಲ್ಲಿ ಎಂಥೆಂಥಾ ಕುಳ ಇದಾವೆ ಗೊತ್ತಾ? ನನಗೂ ಒಬ್ಬ ಸಿಕ್ಕೇ ಸಿಗ್ತಾನೆ."

ಅಷ್ಟಕ್ಕೇ ಬಿಟ್ಟಿದ್ದರೆ ಚೆನ್ನಾಗಿತ್ತು. ಅವತ್ತಿನ ಬಾಡಿಗೆಯನ್ನು ಅವನು ಎಲ್ಲರೆದುರು ಹಿಂದಿರುಗಿಸಿ, 'ಸೇವೆಗೆ ನಾನು ದುಡ್ಡು ಮುಟ್ಟೋನಲ್ಲ' ಎಂದು ಎದೆಯುಬ್ಬಿಸಿ ಹೇಳಿ ಬಂದಿದ್ದ. ಜನ ಚಪ್ಪಾಳೆ ಹೊಡೆದರಂತೆ. ಆ ಚಪ್ಪಾಳೆಯನ್ನು ಅವನು ರಾತ್ರಿ ಊಟಕ್ಕೆ ಕೂತಾಗಲೂ ನೆನೆಸಿಕೊಂಡು ನಕ್ಕ.

ಆಮೇಲೆ ಪ್ರತಿ ಶಿಬಿರಕ್ಕೂ ಹೋದ. ಬೆಂಚಿಗೆ ಬೆಂಚು, ಮೇಜಿಗೆ ಮೇಜು, ಬಳಗದವರು ಜೋಡಿ ಜೋಡಿಯಾಗಿ ಎತ್ತಿದರು. ಔಷಧದ ಡೀಲರು ಮತ್ತು ಲಾರಿ ಮಾಲೀಕ ಒಂದಾದರು. ಪ್ರಿಂಟಿಂಗ್ ಪ್ರೆಸ್ಸಿನವನೂ ಟ್ಯುಟೋರಿಯಲ್ಲಿನವನೂ ಸೇರಿ ಕಾಲೇಜು ತೆರೆದರು. ಇವನಿಗೆ ಮಾತ್ರ ಜೋಡಿ ಸಿಗಲಿಲ್ಲ. ಕಾರಣ ನೋಡಿದರೆ ನಗಬೇಕೋ ಅಳಬೇಕೋ: ಕುರ್ಚಿ ಹೊರಲು ಜೊತೆ ಬೇಡ. ಹತ್ತು ಕುರ್ಚಿಗಳನ್ನು ಒಂದರೊಳಗೊಂದು ಕೂರಿಸಿ ಎದೆಗಾನಿಸಿಕೊಂಡು ಅವನೊಬ್ಬನೇ ಮೈದಾನದ ಈ ತುದಿಯಿಂದ ಆ ತುದಿಗೆ ನಡೆದುಬಿಡುತ್ತಿದ್ದ. ಜನ ದಾರಿ ಬಿಡುತ್ತಿದ್ದರು, 'ಅಣ್ಣಾ, ನಿಮ್ಮ ಶಕ್ತಿಯೇ ಶಕ್ತಿ' ಎನ್ನುತ್ತಿದ್ದರು.

"ಬಾಯಿಬಿಟ್ಟು ಕೇಳಿ ಅವರನ್ನ," ಎಂದು ಅವಳು ಎಷ್ಟು ಸಲ ಹೇಳಿರಲಿಲ್ಲ! "ನಿಮ್ಮ ಮಗಳ ಮದುವೆಗೆ, ನಿಮ್ಮಂಗಡಿ ಓಪನಿಂಗಿಗೆ ನನ್ನ ಕುರ್ಚಿ ತಗೊಳ್ಳಿ ಅಂತ ಕೇಳಿ."

"ಕೇಳಿದ್ರೆ ಇಷ್ಟು ದಿನ ಮಾಡಿದ್ದು ಅದಕ್ಕೇನಾ ಅಂದ್ಕೋತಾರೆ."

"ಅದಕ್ಕೇ ತಾನೆ ಮಾಡಿದ್ದು?"

"ಅದು ಅವರಿಗೆ ಗೊತ್ತಾಗಬಾರದಲ್ಲೇ!"

ಅಂಥ ಬುದ್ಧಿವಂತ! ಅವಳು ಹಣೆ ಚಚ್ಚಿಕೊಳ್ಳುತ್ತಿದ್ದಳು. ಗಂಡ ಭಾನುವಾರ ಊರಿನವರನ್ನು ಕೂರಿಸಿ ಬಂದರೆ, ಹೆಂಡತಿ ಸೋಮವಾರ ಬ್ರಷ್ಷು ಹಿಡಿದು ಕುರ್ಚಿಗಳ ಮಣ್ಣು ತಿಕ್ಕಬೇಕು. ಹೆಣಕ್ಕೆ ಶೃಂಗಾರ ಮಾಡಬೇಡ, ಊರಿಗೆ ಉಪಕಾರ ಮಾಡಬೇಡ ಎಂದು ಗಾದೆ ಕಟ್ಟಿದವರು ಯಾರೋ ಕುರ್ಚಿ ತೊಳೆದವರೇ ಇರಬೇಕು.

ಒಂದು ಸಲ ತಾನಾಗಿ ಒಬ್ಬ ಬಂದಿದ್ದ. ಕೆಳಗಿನ ಬೀದಿಯ ಮೆತ್ತೆ ಕುರ್ಚಿಯವನು. ಅದೇ ಕಸುಬು, ಅವನವು ಸ್ಪಂಜಿನ ಸೀಟಿನ ಕುರ್ಚಿಗಳು. "ನಿಮ್ಮ ಹತ್ರ ಸಾಮಾನು ಜಾಸ್ತಿ, ನನ್ನ ಹತ್ರ ವ್ಯಾನಿದೆ. ಇಬ್ರೂ ಕಿತ್ತಾಡೋ ಬದಲು ಸೇರಿ ಮಾಡೋಣ ಅಣ್ಣ," ಎಂದು ಮನೆಗೇ ಬಂದು ಕೇಳಿದ. ಇವನು ಕಾಫಿ ಕೊಡಿಸಿ, ಬೆನ್ನು ತಟ್ಟಿ ಕಳಿಸಿಬಿಟ್ಟ.

"ಯಾಕ್ರೀ ಬೇಡ ಅಂದ್ರಿ?"

"ಅವನ ಜೊತೆ ಸೇರಿ ಏನಾಗ್ತೀನಿ? ಇನ್ನೂ ದೊಡ್ಡ ಕುರ್ಚಿಯವನಾಗ್ತೀನಿ ಅಷ್ಟೆ. ಕಂಟ್ರಾಕ್ಟರೂ ಕನ್ನಡಕದವನೂ ಸೇರಿ ಮದುವೆ ಹಾಲ್ ಕಟ್ತಾರಂತೆ ಕಣೆ. ಮೂರನೇ ಪಾಲು ಖಾಲಿ ಇದೆ ಅಂತ ಅವರ ಮಾತಲ್ಲೇ ಗೊತ್ತಾಗುತ್ತೆ."

ಹಿತ್ತಲ ಗಿಡ ಮದ್ದಲ್ಲ. ಮದುವೆ ಹಾಲಿನ ಕನಸು ಕಾಣುತ್ತ ನಾಲ್ಕು ವರ್ಷ ಕಳೆದ. ಹಾಲೂ ಎದ್ದು ನಿಂತಿತು. "ಈ ಭಾನುವಾರ ಕೇಳೇಬಿಡ್ತೀನಿ," ಎಂದು ಮೊನ್ನೆ ಶುಕ್ರವಾರ ಕನ್ನಡಿಯ ಮುಂದೆ ನಿಂತು ಗಂಟಲು ಸರಿಮಾಡಿಕೊಂಡು, ಕೇಳಬೇಕಾದ ಮಾತನ್ನು ಎರಡು ಮೂರು ತರಹ ಆಡಿ ನೋಡಿದ್ದ. ಅವಳು ನಕ್ಕಿದ್ದಳು.

*

ಹೊರಗೆ ವ್ಯಾನು ನಿಂತ ಸದ್ದಾಯಿತು. ಮೆತ್ತೆ ಕುರ್ಚಿಯವನು ಇಳಿದು ಒಳಗೆ ಬಂದ. ಮಂಚದ ಬಳಿ ತುಸು ಹೊತ್ತು ತಲೆತಗ್ಗಿಸಿ ನಿಂತ. ಆಮೇಲೆ ಸುತ್ತ ಕಣ್ಣಾಡಿಸಿ, ಹಿಟ್ಟಿನ ಡಬ್ಬದ ಮೇಲಿದ್ದ ಅಜ್ಜಿಯನ್ನೂ ಬೋರಲು ಬಕೆಟ್ಟಿನ ಮೇಲಿದ್ದವನನ್ನೂ ನೋಡಿದ.

"ಅಕ್ಕ, ಕುರ್ಚಿ ತಂದಿದೀನಿ. ಮುಂದೆ ಒಂದು ಟಾರ್ಪಾಲು ಕಟ್ಟಿಬಿಡ್ತೀನಿ, ಬಿಸಿಲಿದೆ," ಎಂದಷ್ಟೇ ಹೇಳಿ ಹೊರಗೆ ಹೋದ. ಯಾರನ್ನೂ ಏನೂ ಕೇಳದೆ ಮೋರಿಯ ಪಕ್ಕ ಗಳ ನೆಟ್ಟು ಹಗ್ಗ ಬಿಗಿದ. ಬೀದಿಯಲ್ಲಿ ನೆರಳು ಬಿತ್ತು. ಅಜ್ಜಿಯನ್ನು ಎರಡೂ ರಟ್ಟೆ ಹಿಡಿದು ನಡೆಸಿಕೊಂಡು ಹೋಗಿ ಸ್ಪಂಜಿನ ಮೇಲೆ ಕೂರಿಸಿದರು.

ಶಿಬಿರ ಮುಗಿಸಿಕೊಂಡು ಬಳಗದವರು ಮಧ್ಯಾಹ್ನದ ಹೊತ್ತಿಗೆ ಒಟ್ಟಾಗಿ ಬಂದರು. ಎಲ್ಲರ ಮೈಮೇಲೂ ಒಂದೇ ಬಣ್ಣದ ಅಂಗಿ. ಒಬ್ಬೊಬ್ಬರಾಗಿ ಒಳಗೆ ಹೋಗಿ ಹೂವಿಟ್ಟು ಬಂದು, ಟಾರ್ಪಾಲಿನ ಕೆಳಗೆ ಸಾಲಾಗಿ ಕೂತರು. ಕೂತ ಕೂಡಲೇ ಜೋಡಿ ಜೋಡಿಯಾದರು. ಲಾರಿ ಮಾಲೀಕ ಔಷಧದ ಡೀಲರಿನ ಕಿವಿಗೆ ಬಾಗಿದ. ಕಂಟ್ರಾಕ್ಟರು ಮೊಬೈಲಿನಲ್ಲಿ ಕನ್ನಡಕದಂಗಡಿಯವನಿಗೆ ಏನೋ ತೋರಿಸಿದ. ಕುರ್ಚಿಯಮ್ಮ ಬಾಗಿಲಲ್ಲಿ ನಿಂತಿದ್ದಳು, ಅವಳಿಗೆ ಎಲ್ಲವೂ ಕೇಳಿಸುತ್ತಿತ್ತು.

"ಮುಂದಿನ ತಿಂಗಳೇ ಓಪನ್ ಮಾಡಿಬಿಡೋಣ. ಕೆಳಗಿನ ಹಾಲ್ ರೆಡಿ ಇದೆಯಲ್ಲ," ಎಂದ ಕಂಟ್ರಾಕ್ಟರು.

"ಶ್, ಇಲ್ಲಿ ಬೇಡ ಮಾರಾಯ."

"ಅಣ್ಣ ಇದ್ದಿದ್ರೆ ಅವರೇ ಸಂತೋಷ ಪಡ್ತಿದ್ರು. ಈ ಹಾಲ್ ಹುಟ್ಟಿದ್ದೇ ಅಣ್ಣನ ಕುರ್ಚಿಗಳ ನಡುವೆ ಅಲ್ವಾ?"

ಅವಳು ಮೆಟ್ಟಿಲಿಳಿದು ಹೋಗಿ ಅವರ ಎದುರು ನಿಂತಳು. ಇಬ್ಬರೂ ದಡಬಡಿಸಿ ಎದ್ದರು.

"ಹಾಲ್‌ಗೆ ಕುರ್ಚಿ ಯಾರದು?" ಎಂದು ಕೇಳಿದಳು.

"ಅತ್ತಿಗೆ?" ಎಂದ ಕನ್ನಡಕದಂಗಡಿಯವನು.

"ಮದುವೆ ಹಾಲು ಅಂದ್ಮೇಲೆ ಜನ ಕೂರಬೇಕಲ್ಲ. ಯಾರ ಕುರ್ಚಿ ಮೇಲೆ ಕೂರ್ತಾರೆ ಅಂತ ಕೇಳಿದೆ."

ಕಂಟ್ರಾಕ್ಟರಿನ ಕಣ್ಣು ತಾನಾಗಿಯೇ ಗಳದ ಬಳಿ ನಿಂತಿದ್ದ ಮೆತ್ತೆ ಕುರ್ಚಿಯವನ ಕಡೆ ಹೋಯಿತು. "ಅದು... ಇವರ ಜೊತೆ ಮಾತಾಗಿದೆ."

"ನಮ್ಮನೆಯವರ ಜೊತೆ ಯಾಕೆ ಆಗ್ಲಿಲ್ಲ?"

"ಅಯ್ಯೋ ಅತ್ತಿಗೆ, ಅಣ್ಣನ್ನ ಹೇಗೆ ಕೇಳೋದು?" ಕನ್ನಡಕದಂಗಡಿಯವನ ಮುಖದಲ್ಲಿ ನಿಜವಾದ ನೋವಿತ್ತು. "ಕೇಳಿದ್ರೆ ಪುಕ್ಕಟೆ ಕೊಟ್ಟುಬಿಡ್ತಿದ್ರು. ದುಡ್ಡು ಮುಟ್ಟೋ ಜೀವ ಅಲ್ಲ ಅದು. ಬಾಡಿಗೆ ಅಂತ ಬಾಯಿ ಬಿಟ್ಟಿದ್ರೆ ಅವರಿಗೆ ಅವಮಾನ ಮಾಡಿದ ಹಾಗಾಗ್ತಿತ್ತು. ನನ್ನ ಮಗಳ ಮದುವೇಲೂ ಅದಕ್ಕೇ ಹೊರಗಡೆಯಿಂದ ತರಿಸಿದ್ದು. ಬಳಗದಲ್ಲಿ ಎಲ್ರೂ ಹಾಗೇ. ಅವರ ಸೇವೇನ ವ್ಯಾಪಾರ ಮಾಡಬಾರದು ಅಂತ ನಾವೇ ಮಾತಾಡ್ಕೊಂಡಿದ್ವಿ."

"ಮಾತಾಡ್ಕೊಂಡಿದ್ರಾ?"

"ಗೌರವಕ್ಕೆ ಅತ್ತಿಗೆ. ಗೌರವಕ್ಕೆ."

ಕುರ್ಚಿಯಮ್ಮನಿಗೆ ನೆತ್ತಿಗೆ ರಕ್ತ ಏರಿತು. ಅವರು ಮೋಸಗಾರರಾಗಿದ್ದರೆ ಚೆನ್ನಾಗಿತ್ತು, ಬಾಯಿ ತುಂಬ ಬೈದು ಹಗುರವಾಗುತ್ತಿದ್ದಳು. ಇವರು ಒಳ್ಳೆಯವರು. ಒಳ್ಳೆಯತನದಿಂದಲೇ ಅವನ ಹೊಟ್ಟೆಯ ಮೇಲೆ ಹೊಡೆದಿದ್ದರು. ಅವನು ಕೇಳಿದರೆ ಚಿಕ್ಕವನಾದೇನು ಎಂದು ಬಾಯಿಗೆ ಬೀಗ ಹಾಕಿಕೊಂಡ. ಇವರು ಕೇಳಿದರೆ ಅವನನ್ನು ಚಿಕ್ಕವನು ಮಾಡಿದ ಹಾಗಾದೀತು ಎಂದು ಬೀಗ ಹಾಕಿಕೊಂಡರು. ನಡುವೆ ಅವಳು ವರ್ಷಗಟ್ಟಲೆ ಕುರ್ಚಿ ತಿಕ್ಕಿದಳು.

"ಅವರೇನು ಗಾಳಿ ಕುಡಿದು ಬದುಕ್ತಾರೆ ಅಂದ್ಕೊಂಡಿದ್ರಾ?" ಅವಳ ದನಿ ಬೀದಿಯ ಕೊನೆಯವರೆಗೆ ಹೋಯಿತು. "ಮಗಳನ್ನ ಓದಿಸೋದು, ಮನೆ ಬಾಡಿಗೆ, ಔಷಧ, ಎಲ್ಲಾ ನಿಮ್ಮ ಗೌರವದಲ್ಲಿ ನಡೀತು ಅಂದ್ಕೊಂಡಿದ್ರಾ? ನಿಮ್ಮ ಹಾಲ್‌ಗೆ ನನ್ನೂ ಸೇರಿಸ್ಕೊಳ್ಳಿ ಅಂತ ಕೇಳೋಕೆ ಶುಕ್ರವಾರ ಕನ್ನಡಿ ಮುಂದೆ ನಿಂತು ಬಾಯಿಪಾಠ ಮಾಡ್ತಿದ್ರು ಅವರು! ಮದುವೆ ಗಂಡಿನ ಹಾಗೆ ತಲೆ ಬಾಚ್ಕೊಂಡು!"

ಮಗಳು ಬಂದು ಅಮ್ಮನ ಭುಜ ಹಿಡಿದಳು. ಅವಳು ಕೊಡವಿಕೊಂಡು ಮೆತ್ತೆ ಕುರ್ಚಿಯವನ ಕಡೆ ತಿರುಗಿದಳು.

"ನಿಮಗೆ ಗೊತ್ತಿತ್ತಾ ಇದು?"

ಅವನು ಕೈಯಲ್ಲಿದ್ದ ಹಗ್ಗದ ತುದಿ ನೋಡುತ್ತ ನಿಂತ. "ಗೊತ್ತಿತ್ತು ಅಕ್ಕ. ನಿಮ್ಮ ಬಳಗದಲ್ಲೇ ಒಬ್ರು ಇದಾರಲ್ಲ ಅಂತ ಇವರನ್ನ ನಾನೂ ಕೇಳ್ದೆ. ಅಣ್ಣ ದುಡ್ಡು ತಗೊಳಲ್ಲ ಅಂದ್ರು."

"ತಗೋತಾರೆ ಅಂತ ಹೇಳೋಕೆ ನಿಮಗೆ ಬಾಯಿರ್ಲಿಲ್ವಾ?"

"ಇತ್ತು. ಹೇಳ್ಲಿಲ್ಲ. ಅಷ್ಟೊತ್ತಿಗೆ ಅಣ್ಣ ನನ್ನ ಬೇಡ ಅಂದಿದ್ರು, ನನಗೂ ಉರಿ ಇತ್ತು. ಬಂದ ಗಿರಾಕೀನ ಯಾಕೆ ಬಿಡ್ಲಿ ಅನಿಸ್ತು." ಅವನು ತಲೆಯೆತ್ತಿದ. "ತಪ್ಪು ಅಂದ್ರೆ ತಪ್ಪು. ನಾನು ವ್ಯಾಪಾರಸ್ಥ ಅಕ್ಕ."

ಅವಳು ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು. ಆಮೇಲೆ ಒಳಗೆ ಹೋದಳು.

*

ಹೆಣ ಎತ್ತುವಾಗ ಬಳಗದವರೇ ಮುಂದಾದರು. ಅವರಿಗೆ ಎತ್ತಿ ಇಳಿಸಿ ಅಭ್ಯಾಸವಿತ್ತು. ಒಬ್ಬೊಬ್ಬರಿಗೆ ಒಂದೊಂದು ಮೂಲೆ. ಹೆಜ್ಜೆಗೆ ಹೆಜ್ಜೆ ಕೂಡಿಸಿ, ಎಲ್ಲೂ ಅಲುಗಿಸದೆ ನಡೆದರು. ಬದುಕಿದ್ದಷ್ಟು ದಿನ ಅವನ ಹೊರೆಯ ಇನ್ನೊಂದು ತುದಿಗೆ ಕೈಹಾಕದವರು ಈಗ ನಾಲ್ಕು ಜನ. ಅವಳು ಹಿಂದೆ ಹಿಂದೆ ನಡೆದಳು. ಇನ್ನೂ ಅಳು ಬರಲಿಲ್ಲ. ಗುಂಡಿಗೆ ಒಂದು ಹಿಡಿ ಮಣ್ಣು ಹಾಕುವಾಗ, "ಒಂದು ಮಾತು ಕೇಳೋಕೆ ಆಗ್ಲಿಲ್ವಲ್ಲ ನಿಮಗೆ, ಹೇಡಿ," ಎಂದು ಅವನೊಬ್ಬನಿಗೇ ಕೇಳುವಂತೆ ಹೇಳಿದಳು. ಹೇಳಿದ ಮೇಲೆ ಕಣ್ಣು ತುಂಬಿ ಬಂತು, ಸೆರಗಿನಿಂದ ಒತ್ತಿಕೊಂಡಳು.

ಮಣ್ಣು ಮಾಡಿ ಬಂದವರು ಮತ್ತೆ ಟಾರ್ಪಾಲಿನ ಕೆಳಗೆ ಕೂತರು. ಕಂಟ್ರಾಕ್ಟರು ಎದ್ದು ನಿಂತು ಕೆಮ್ಮಿದ.

"ಅತ್ತಿಗೆಯವರು ದುಃಖದಲ್ಲಿ ನಾಲ್ಕು ಮಾತು ಆಡಿದ್ರು. ನಾವು ತಪ್ಪು ತಿಳ್ಕೊಳ್ಳಲ್ಲ. ದಾರೀಲಿ ಬರ್ತಾ ನಾವೆಲ್ಲ ಒಂದು ತೀರ್ಮಾನ ಮಾಡಿದೀವಿ. ಅಣ್ಣನ ಸೇವೆ ಅವರ ಜೊತೆ ನಿಲ್ಲಬಾರದು. ಪ್ರತಿ ಕುರ್ಚಿ ಬೆನ್ನಿಗೂ ಅಣ್ಣನ ಹೆಸರು ಬರೆಸ್ತೀವಿ, ಆ ಖರ್ಚು ಬಳಗದ್ದು. ಇನ್ಮೇಲೆ ನಮ್ಮ ಎಲ್ಲಾ ಶಿಬಿರಕ್ಕೂ ಅವರ ನೆನಪಿಗೆ ಅವೇ ಕುರ್ಚಿ."

ಔಷಧದ ಡೀಲರು ಮೆಲ್ಲಗೆ ಚಪ್ಪಾಳೆ ಶುರುಮಾಡಿ, ಸಾವಿನ ಮನೆ ಎಂದು ನೆನಪಾಗಿ ಕೈ ನಿಲ್ಲಿಸಿದ. ಕೆಲವರು ಕಣ್ಣೊರೆಸಿಕೊಂಡರು. ಎಲ್ಲರೂ ಅವಳ ಕಡೆ ನೋಡಿದರು. ಅವಳು ಹೂಂ ಎನ್ನುತ್ತಾಳೆ ಎಂಬುದರಲ್ಲಿ ಒಬ್ಬರಿಗೂ ಅನುಮಾನವಿದ್ದ ಹಾಗೆ ಕಾಣಲಿಲ್ಲ. ಗಂಡನ ಹೆಸರು ಬರೆಸುತ್ತೇವೆಂದರೆ ಯಾವ ಹೆಂಡತಿ ಬೇಡ ಎಂದಾಳು?

ಒಂದು ಕ್ಷಣ ಅವಳಿಗೂ ಹೆಸರು ಬರೆದ ಕುರ್ಚಿಗಳು ಕಣ್ಣ ಮುಂದೆ ಬಂದವು. ಸಾಲು ಸಾಲಾಗಿ, ಅವನ ಹೆಸರಿಗೆ ಒರಗಿ ಕೂತ ಬೆನ್ನುಗಳು. ಸೋಮವಾರ ಸೋಮವಾರ ಆ ಹೆಸರನ್ನು ತಿಕ್ಕಿ ತೊಳೆಯುತ್ತಿರುವ ತಾನು.

"ಹೊತ್ತು ಮುಳುಗೋದ್ರೊಳಗೆ ಶಾಲೆ ಹತ್ರ ಇರೋ ಕುರ್ಚಿ ಅಷ್ಟೂ ನನ್ನ ಗೋಡೌನ್‌ಗೆ ಬರಬೇಕು," ಎಂದಳು. "ನೀವೇ ಹೊತ್ತು ತನ್ನಿ. ಅಭ್ಯಾಸ ಇದೆಯಲ್ಲ."

"ಅತ್ತಿಗೆ, ಅಣ್ಣನ ನೆನಪಿಗೆ..."

"ನೆನಪು ಮಾಡ್ಕೊಳ್ಳೋಕೆ ನಾನಿದೀನಿ. ನಿಮಗೆ ಬೇಕಾಗಿರೋದು ಕುರ್ಚಿ. ಬೇಕಾದಾಗ ಬಂದು ಕೇಳಿ, ಬಾಡಿಗೆ ಹೇಳ್ತೀನಿ. ನನಗೇನೂ ಅವಮಾನ ಆಗಲ್ಲ." ಅವಳು ಗಳದ ಕಡೆ ತಿರುಗಿದಳು. "ಏನಪ್ಪಾ, ಅವತ್ತು ನಮ್ಮನೆಗೆ ಬಂದು ಒಂದು ಮಾತು ಕೇಳಿದ್ರಲ್ಲ, ಆ ಮಾತು ಇನ್ನೂ ಇದೆಯೋ ಮುಗೀತೋ?"

ಮೆತ್ತೆ ಕುರ್ಚಿಯವನು ಗಲಿಬಿಲಿಗೊಂಡ. "ಇದೆ ಅಕ್ಕ. ಆದ್ರೆ ಅದನ್ನ ಇವತ್ತು..."

"ಇವತ್ತೇ. ಇವರೆಲ್ಲ ಮಧ್ಯಾಹ್ನದಿಂದ ಇಲ್ಲಿ ಕೂತು ಅದನ್ನೇ ತಾನೆ ಮಾತಾಡ್ತಿರೋದು? ನಾನು ಮಾತಾಡಿದ್ರೆ ಮಾತ್ರ ಪಾಪವಾ? ನನ್ನ ಸಾಮಾನು, ನಿಮ್ಮ ವ್ಯಾನು, ಆ ಹಾಲ್‌ನ ಬಾಡಿಗೇನೂ ಸೇರಿ ಬಂದದ್ದರಲ್ಲಿ ಅರ್ಧ ನನಗೆ. ಮನಸ್ಸಲ್ಲಿ ಒಂದು ಇಟ್ಕೊಂಡು ಬಾಯಲ್ಲಿ ಒಂದು ಆಡಬಾರದು. ಆಗ ತಪ್ಪು ಒಪ್ಕೊಂಡು ಆಡಿದ ಹಾಗೇ ಆಡಬೇಕು."

"ಅಮ್ಮಾ," ಎಂದಳು ಮಗಳು ಮೆಲ್ಲಗೆ.

"ಅಳೋದು ಇದ್ದೇ ಇದೆ ಕಣೆ. ಆಮೇಲೆ ಅಳ್ತೀನಿ."

ಅವನು ಅಂಗೈಗಳನ್ನು ಪ್ಯಾಂಟಿಗೆ ಒರೆಸಿಕೊಂಡ. "ಆಯ್ತು ಅಕ್ಕ," ಎಂದ.

ಬಳಗದವರು ಏಳಬೇಕೋ ಕೂರಬೇಕೋ ತಿಳಿಯದೆ ಒಬ್ಬರ ಮುಖ ಒಬ್ಬರು ನೋಡಿಕೊಂಡರು. "ಹಾಗಾದ್ರೆ ಇದನ್ನ ಬಿಚ್ಚಿ ಮಡಚೋಣ," ಎಂದು ಕುರ್ಚಿಯಮ್ಮ ಸೆರಗನ್ನು ಸೊಂಟಕ್ಕೆ ಸಿಕ್ಕಿಸಿಕೊಂಡು ಹತ್ತಿರದ ಗಳದ ಬುಡಕ್ಕೆ ಹೋಗಿ ಗಂಟಿಗೆ ಕೈಹಾಕಿದಳು. ಗಂಟು ಬಿಗಿಯಾಗಿತ್ತು, ಉಗುರಿನಿಂದ ಎಬ್ಬಿಸಿ ಎಳೆದಳು. ಮೆತ್ತೆ ಕುರ್ಚಿಯವನು ಆ ಕಡೆಯ ಹಗ್ಗ ಬಿಚ್ಚಿದ. ಟಾರ್ಪಾಲು ಸರ್ರನೆ ಜಾರಿತು. ಕೂತಿದ್ದವರ ತಲೆ, ಹೆಗಲು, ಒಂದೇ ಬಣ್ಣದ ಅಂಗಿಗಳ ಮೇಲೆ ಬಿಸಿಲು ಸುರಿಯಿತು. ಕನ್ನಡಕದಂಗಡಿಯವನು ಹುಬ್ಬಿನ ಮೇಲೆ ಕೈ ಅಡ್ಡ ಇಟ್ಟುಕೊಂಡ. ಮಗಳು ಅಜ್ಜಿಯನ್ನು ನಿಧಾನವಾಗಿ ಒಳಗೆ ಕರೆದುಕೊಂಡು ಹೋದಳು. ಉಳಿದವರು ಸ್ಪಂಜಿನ ಕುರ್ಚಿ ಬಿಟ್ಟೆದ್ದು ಗೋಡೆಯ ಕಡೆ ಸರಿದು ದಾರಿ ಮಾಡಿದರು.

ಬೀದಿಯ ನಡುವೆ ಅವಳು ಎರಡು ಮೂಲೆ ಹಿಡಿದಳು. ಅವನು ಎದುರು ತುದಿಯಲ್ಲಿ ಇನ್ನೆರಡು ಮೂಲೆ ಹಿಡಿದ. ಟಾರ್ಪಾಲನ್ನು ಜಗ್ಗಿ ಧೂಳು ಕೊಡವಿ, ಇಬ್ಬರೂ ಎದುರುಬದುರಾಗಿ ನಡೆದು ಬಂದು ಮೂಲೆಗೆ ಮೂಲೆ ಕೂಡಿಸಿದರು.